ಮದರಾಸು ಕಾಲಮಾನ: 1802ರ ಒಂದು ಅಂಕಿಯ ಪುನರ್ವಿಚಾರ

ಭಾರತದ ಏಕರೂಪ ಕಾಲಮಾನದ ಚರಿತ್ರೆ ಬರೆಯುವವರು ಬಹುಮಟ್ಟಿಗೆ ಒಂದೇ ಮಾತಿನಿಂದ ಆರಂಭಿಸುತ್ತಾರೆ. 1802ರಲ್ಲಿ ಮದರಾಸು ವೀಕ್ಷಣಾಲಯದ ಜಾನ್ ಗೋಲ್ಡಿಂಗ್‌ಹ್ಯಾಮ್ ಅಲ್ಲಿನ ಕಾಲವನ್ನು ಗ್ರೀನಿಚ್ಚಿಗಿಂತ 5 ಗಂಟೆ 21 ನಿಮಿಷ 14 ಸೆಕೆಂಡು ಮುಂದೆಂದು ನಿಗದಿ ಮಾಡಿದ, ಇಂದಿನ ಭಾರತೀಯ ಕಾಲಮಾನದ ಬೇರು ಅದೇ ಎಂಬುದು ಆ ಮಾತು. ಜನಪ್ರಿಯ ಪುಸ್ತಕಗಳಲ್ಲಿ ಇದು ಬಂದರೆ ಸಹಿಸಬಹುದು. ವಿಜ್ಞಾನ ಚರಿತ್ರೆಯ ಗಂಭೀರ ಲೇಖನಗಳಲ್ಲೂ ಯಾರೂ ಒಂದು ಸಲ ಗುಣಾಕಾರ ಮಾಡಿ ನೋಡದೆ ಇದನ್ನು ಉದ್ಧರಿಸುತ್ತಿರುವುದು ಸಹಿಸುವಂಥದ್ದಲ್ಲ.

ಗುಣಾಕಾರ ಸುಲಭದ್ದು. ಒಂದು ಡಿಗ್ರಿ ರೇಖಾಂಶಕ್ಕೆ ನಾಲ್ಕು ನಿಮಿಷ. 5-21-14 ಎಂಬುದನ್ನು ರೇಖಾಂಶಕ್ಕೆ ತಿರುಗಿಸಿದರೆ ಸರಿಯಾಗಿ 80 ಡಿಗ್ರಿ 18 ಕಲೆ 30 ವಿಕಲೆ ಬರುತ್ತದೆ. ವಿಲಿಯಂ ಲ್ಯಾಂಬ್ಟನ್ ತನ್ನ ತ್ರಿಕೋನಮಾಪನಕ್ಕೆ ಆಧಾರವಾಗಿ ಇಟ್ಟುಕೊಂಡ ಮದರಾಸಿನ ರೇಖಾಂಶ ಇದೇ. ಆತ ಸಂತ ತೋಮಸ್ ಬೆಟ್ಟದ ಬಳಿ ಮೊದಲ ಆಧಾರರೇಖೆಯನ್ನು ಅಳೆಯತೊಡಗಿದ್ದು 1802ರ ಏಪ್ರಿಲ್ 10ರಂದು. 1804ರಲ್ಲಿ ಬೆಂಗಳೂರಿನ ಹತ್ತಿರ ಇನ್ನೊಂದು ಆಧಾರರೇಖೆ ಅಳೆದು, ಮುಂದೆ ಮಂಗಳೂರಿನ ಕಡಲತನಕ ತ್ರಿಕೋನಗಳನ್ನು ಒಯ್ದು, ಪರ್ಯಾಯದ್ವೀಪದ ಅಗಲ ನಕ್ಷೆಗಳು ತೋರಿಸಿದ್ದಕ್ಕಿಂತ ಸುಮಾರು 40 ಮೈಲಿ ಕಡಿಮೆಯೆಂದು ತೋರಿಸಿಕೊಟ್ಟ. ಬೆಂಗಳೂರು, ಮಂಗಳೂರುಗಳ ರೇಖಾಂಶಗಳೆಲ್ಲ ಆ ಒಂದು ಅಂಕಿಯನ್ನೇ ಹಿಡಿದು ನಿಂತವು. ಅಂದರೆ 1802ರ ಅಂಕಿ ನಕ್ಷೆಯವರ ಅಂಕಿ. ಅದನ್ನು ಗಂಟೆ ನಿಮಿಷಗಳಲ್ಲಿ ಬರೆದದ್ದು ಖಗೋಳಜ್ಞರ ರೂಢಿ, ಅಷ್ಟೆ.

ಆದರೂ ಅದೇ ಅಂಕಿ ಗಡಿಯಾರವನ್ನೂ ನಿಯಂತ್ರಿಸಿತಲ್ಲವೇ ಎಂದು ಕೇಳುವವರಿದ್ದಾರೆ. ಇಲ್ಲ. ವೀಕ್ಷಣಾಲಯದಲ್ಲಿ ಸ್ಥಳೀಯ ಕಾಲ ತಿಳಿಯಲು ಗ್ರೀನಿಚ್ ಎಷ್ಟು ದೂರವೆಂದು ತಿಳಿದಿರಬೇಕಾಗಿಲ್ಲ. ಯಾಮ್ಯೋತ್ತರದ ಮೇಲೆ ಕಟ್ಟಿ ನಿಲ್ಲಿಸಿದ ದೂರದರ್ಶಕದಲ್ಲಿ ಗೊತ್ತಾದ ನಕ್ಷತ್ರವೊಂದು ತಂತುವನ್ನು ದಾಟುವ ಕ್ಷಣವನ್ನು ಗಡಿಯಾರದೊಂದಿಗೆ ಹೋಲಿಸಿದರೆ ಗಡಿಯಾರದ ತಪ್ಪು ಎಷ್ಟೆಂದು ತಿಳಿಯುತ್ತದೆ. ಮದರಾಸಿನ ರೇಖಾಂಶವನ್ನು ಮುಂದೆ 80 ಡಿಗ್ರಿ 17 ಕಲೆ 21 ವಿಕಲೆಗೆ ಇಳಿಸಿದಾಗ (ಗ್ರೀನಿಚ್ಚಿನೊಂದಿಗಿನ ಅಂತರ ಆಗ 5-21-09ಕ್ಕೆ ಸ್ವಲ್ಪ ಮೇಲೆ, ರೂಢಿಯಲ್ಲಿ 5-21-10) ಮದರಾಸಿನ ಗಡಿಯಾರ ಒಂದು ಸೆಕೆಂಡೂ ಕದಲಬೇಕಾಗಿರಲಿಲ್ಲ. 1894-96ರಲ್ಲಿ ಸರ್ವೆ ಇಲಾಖೆ ತಂತಿ ಸಂಕೇತಗಳ ಮೂಲಕ ಕರಾಚಿಯನ್ನು ಗ್ರೀನಿಚ್ಚಿಗೆ ಜೋಡಿಸಿತು. ಮದರಾಸಿಗೆ ನಿಂತ ಬೆಲೆ 80 ಡಿಗ್ರಿ 14 ಕಲೆ 47 ವಿಕಲೆ, ಅಂದರೆ 5 ಗಂಟೆ 20 ನಿಮಿಷ 59 ಸೆಕೆಂಡು. ಆಗಲೂ ಗಡಿಯಾರಕ್ಕೆ ಏನೂ ಆಗಲಿಲ್ಲ. ಮೊದಲ ಅಂಕಿಗೂ ಕೊನೆಯದಕ್ಕೂ ನಡುವೆ 15 ಸೆಕೆಂಡು. ಆ ಅಕ್ಷಾಂಶದಲ್ಲಿ ಅದು ನೆಲದ ಮೇಲೆ ಆರೂವರೆ ಕಿಲೋಮೀಟರಿಗೂ ಹೆಚ್ಚು. ನಕ್ಷೆಗೆ ಅದು ದೊಡ್ಡ ತಪ್ಪು, ಮದರಾಸಿನ ಕಾಲಕ್ಕೆ ತಪ್ಪೇ ಅಲ್ಲ.

ವಿಶಾಲ ನಾಡಿಗೆ ಒಂದೇ ಕಾಲವನ್ನು ಹಿಡಿದಿಡುವ ತಂತ್ರ 1802ರಲ್ಲಿ ಯಾರ ಬಳಿಯೂ ಇರಲಿಲ್ಲ. ತೋಪು ಹಾರಿಸಿ ಹೊತ್ತು ಸಾರಿದರೆ ಐದು ಕಿಲೋಮೀಟರು ದೂರದವನ ಕಿವಿಗೆ ಅದು ಮುಟ್ಟುವಾಗಲೇ 15 ಸೆಕೆಂಡು ಕಳೆದಿರುತ್ತದೆ. ಆ ತಂತ್ರ ಬಂದದ್ದು ವಿದ್ಯುತ್ ತಂತಿ ಮತ್ತು ರೈಲಿನೊಂದಿಗೆ, 1850ರ ದಶಕದ ನಂತರ. ಬೆಂಗಳೂರು ದಂಡುಪ್ರದೇಶಕ್ಕೆ ಜೋಲಾರಪೇಟೆಯಿಂದ ಮದರಾಸು ರೈಲ್ವೆಯ ಹಳಿ ಬಂದದ್ದು 1864ರಲ್ಲಿ. ಬೆಂಗಳೂರಿನ ಸೂರ್ಯ ಮದರಾಸಿನದಕ್ಕಿಂತ ಹತ್ತೂವರೆ ನಿಮಿಷ ಹಿಂದೆ. 1870ರ ಹೊತ್ತಿಗೆ ಮದರಾಸು ಕಾಲ ದೇಶದ ರೈಲುಗಳೆಲ್ಲಕ್ಕೂ ಅನ್ವಯವಾಯಿತು. ಅದಕ್ಕೆ 1802ರ ನಿರ್ಣಯ ಬೇಕಿರಲಿಲ್ಲ. ಕಲ್ಕತ್ತೆ 5-53, ಮುಂಬಯಿ 4-51, ಎರಡರ ನಡುಬಿಂದು 5-22. ಮದರಾಸು ಆ ನಡುವಿಗೆ ಒಂದೇ ನಿಮಿಷದಷ್ಟು ಹತ್ತಿರವಿತ್ತು, ಜೊತೆಗೆ ನಂಬತಕ್ಕ ವೀಕ್ಷಣಾಲಯವೂ ಅಲ್ಲಿತ್ತು. ಮುಂಬಯಿಯಲ್ಲಿ 1881ರಲ್ಲಿ ಸರ್ಕಾರ ಮದರಾಸು ಕಾಲವನ್ನು ಕಚೇರಿಗಳಿಗೆ ಹೇರಲು ಹೋಗಿ 1883ರಲ್ಲಿ ಕೈಬಿಟ್ಟ ಪ್ರಸಂಗ ಸಾಕಷ್ಟು ಚರ್ಚೆಯಾಗಿದೆ, ಇಲ್ಲಿ ಬೆಳೆಸುವುದಿಲ್ಲ.

ಗೋಲ್ಡಿಂಗ್‌ಹ್ಯಾಮನಿಗೆ ಇಷ್ಟು ಪುಟ ಕೊಡುವವರು ಆ ವೀಕ್ಷಣಾಲಯದ ಭಾರತೀಯ ಸಹಾಯಕರಿಗೆ ಒಂದು ಸಾಲೂ ಕೊಡುವುದಿಲ್ಲ. ಚಿಂತಾಮಣಿ ರಘುನಾಥಾಚಾರ್ಯರು ಮುಂದಿನ ಖಗೋಳಜ್ಞ ಪಾಗ್ಸನ್ನನ ಕೈಕೆಳಗೆ ಅಲ್ಲಿ ದುಡಿದವರು, 1867ರಲ್ಲಿ ರೆಟಿಕ್ಯುಲಂ ಪುಂಜದಲ್ಲಿ ಒಂದು ಚರಕಾಂತಿ ನಕ್ಷತ್ರವನ್ನು ಕಂಡುಹಿಡಿದವರು. 1874ರ ಶುಕ್ರ ಸಂಕ್ರಮಣವನ್ನು ಕುರಿತ ಅವರ ಹೊತ್ತಗೆ ಕನ್ನಡದಲ್ಲೂ ಬಂದಿತ್ತು. ಕನ್ನಡದ ವಿಜ್ಞಾನ ಸಾಹಿತ್ಯದ ಚರಿತ್ರೆಗಳು ಅದನ್ನು ಮರೆತಿರುವುದು ನನಗೆ ನೋವಿನ ಸಂಗತಿ.

ಈಗ ನಿಜವಾದ ವಿವಾದದ ದಾಖಲೆಗೆ ಬರುತ್ತೇನೆ. ಗ್ರೀನಿಚ್ಚಿಗಿಂತ ಸರಿಯಾಗಿ ಐದೂವರೆ ಗಂಟೆ ಮುಂದಿನ ಕಾಲಮಾನವನ್ನು ತರುವಾಗ, ರೈಲು ಮತ್ತು ತಂತಿ ಕಚೇರಿಗಳ ಗಡಿಯಾರಗಳನ್ನು 8 ನಿಮಿಷ 50 ಸೆಕೆಂಡು ಮುಂದೆ ಹಾಕಬೇಕೆಂಬುದು ಭಾರತ ಸರ್ಕಾರದ ಪ್ರಸ್ತಾವವಾಗಿತ್ತು. ಐದೂವರೆಯಲ್ಲಿ ಅದನ್ನು ಕಳೆದರೆ ಉಳಿಯುವುದು 5-21-10. ಇದರಿಂದ ಕೆಲವರು ಮದರಾಸು ಕಾಲಮಾನವೇ 5-21-10 ಎಂದು ತೀರ್ಮಾನಿಸಿದ್ದಾರೆ. ನಾನು ಒಪ್ಪುವುದಿಲ್ಲ. ಆ ಹೊತ್ತಿಗೆ ತಂತಿಯ ರೇಖಾಂಶ ಸಿಕ್ಕು ಸುಮಾರು ಹತ್ತು ವರ್ಷವಾಗಿತ್ತು. ವೀಕ್ಷಣಾಲಯದ ಸರಾಸರಿ ಸೌರಕಾಲ ಅನುಸರಿಸುವ ಗಡಿಯಾರವನ್ನು 8-50 ಮುಂದೂಡಿದರೆ ಅದು ಐದೂವರೆಗೆ 11 ಸೆಕೆಂಡು ಕಡಿಮೆ ನಿಲ್ಲುತ್ತದೆ. ಹಾಗಾದರೆ ಎರಡೇ ದಾರಿ. ರೈಲಿನ ಗಡಿಯಾರಗಳು ನಿಜವಾಗಿ ಮದರಾಸಿಗಿಂತ 11 ಸೆಕೆಂಡು ಮುಂದಿದ್ದವು, ಇಲ್ಲವೇ ಕರಡು ಬರೆದವರು ಸರ್ವೆ ನಕ್ಷೆಗಳ ಹಳೆಯ ರೇಖಾಂಶವನ್ನೇ ಎತ್ತಿಕೊಂಡರು. ಮೊದಲನೆಯದಕ್ಕೆ ಕಾರಣವೇ ಕಾಣುವುದಿಲ್ಲ, ತಂತಿಯಲ್ಲಿ ಹೋಗುತ್ತಿದ್ದದ್ದು ವೀಕ್ಷಣಾಲಯದ ಸಂಕೇತ. ಎರಡನೆಯದಕ್ಕೆ ಬಲವಾದ ಆಧಾರವಿದೆ. ಸರ್ವೆ ನಕ್ಷೆಗಳು 80-17-21ನ್ನೇ ಹಿಡಿದುಕೊಂಡು, ಸುಮಾರು ಎರಡೂವರೆ ಕಲೆ ಕಳೆದುಕೊಳ್ಳಿ ಎಂಬ ಸೂಚನೆಯನ್ನು ಅಂಚಿನಲ್ಲಿ ಅಚ್ಚು ಹಾಕುತ್ತಿದ್ದವು. ಕಚೇರಿಯವರು ಅಂಕಿ ತೆಗೆದುಕೊಂಡರು, ಅಂಚನ್ನು ಓದಲಿಲ್ಲ. ಇದು ಊಹೆ, ಆದರೆ ಅಂಕಿಗಳು ಬೇರೆ ದಾರಿಗೆ ಎಡೆಗೊಡುವುದಿಲ್ಲ.

1905ರ ಜುಲೈ 1ರಂದು ರೈಲು ಮತ್ತು ತಂತಿ ಇಲಾಖೆಗಳು, 1906ರ ಜನವರಿ 1ರಿಂದ ಉಳಿದವರಲ್ಲಿ ಹೆಚ್ಚಿನವರು ಹೊಸ ಕಾಲಕ್ಕೆ ಬಂದರು. 82 ಡಿಗ್ರಿ 30 ಕಲೆಯ ರೇಖೆಯ ಮೇಲೆ ವೀಕ್ಷಣಾಲಯ ಬೇಕಾಗಿರಲಿಲ್ಲ, ಮದರಾಸಿನ ರೇಖಾಂಶ ಯಾರನ್ನೂ ಕಾಡಲಿಲ್ಲ.

ಆದರೆ ಕರಡಿನ ಆ ಅಂಕಿ ಸಾಯಲಿಲ್ಲ. ಜಗತ್ತಿನ ಗಣಕಯಂತ್ರಗಳು ಬಳಸುವ ಕಾಲವಲಯ ದತ್ತಸಂಚಯದಲ್ಲಿ ಕೋಲ್ಕತ್ತ ಹೆಸರಿನಡಿ 1870ರಿಂದ 1906ರವರೆಗೆ 5-21-10 ಎಂದೇ ಇದೆ. ಇದರಲ್ಲಿ ಎರಡು ತಪ್ಪು. ಮದರಾಸಿನ ನಿಜವಾದ ಅಂತರ 11 ಸೆಕೆಂಡು ಕಡಿಮೆ. ಕಲ್ಕತ್ತೆಯ ಜನ ಆ ವರ್ಷಗಳಲ್ಲಿ ಮದರಾಸು ಕಾಲದಲ್ಲಿ ಬದುಕಲೇ ಇಲ್ಲ, ರೈಲ್ವೆ ನಿಲ್ದಾಣದ ಹೊರಗೆ ತಮ್ಮ 5-53ನ್ನು 1948ರವರೆಗೂ ಬಿಡಲಿಲ್ಲ. ದತ್ತಸಂಚಯವನ್ನು ನಂಬಿ ಹತ್ತೊಂಬತ್ತನೆಯ ಶತಮಾನದ ಗ್ರಹಣ, ಭೂಕಂಪಗಳ ಸ್ಥಳೀಯ ವರದಿಗಳನ್ನು ಗ್ರೀನಿಚ್ಚಿಗೆ ಪರಿವರ್ತಿಸುವವರು ಕಲ್ಕತ್ತೆಯ ಮಟ್ಟಿಗೆ ಅರ್ಧ ಗಂಟೆಗೂ ಹೆಚ್ಚು ಜಾರುತ್ತಾರೆ. ಅಂಥ ಪ್ರತಿ ವರದಿಗೂ ಅದು ರೈಲಿನ ಹೊತ್ತೋ ಊರಿನ ಹೊತ್ತೋ ಎಂದು ಮೊದಲು ಗೊತ್ತುಮಾಡಿಕೊಳ್ಳಬೇಕು.