ಹೊಸ ಬ್ರೌಸರ್, ಹಳೆಯ ನಡೆ: ಕಡೂರು, ತರೀಕೆರೆ, ಅಜ್ಜಂಪುರ ಸೀಮೆಯಿಂದ ಒಂದು ಚಾರಿತ್ರಿಕ ನೋಟ

ಕಡೂರು, ತರೀಕೆರೆಯ ಹಲವು ರೈತರಿಗೆ ಕಂಪ್ಯೂಟರ್ ಮೊದಲು ಎದುರಾದದ್ದು ತಾಲ್ಲೂಕು ಕಚೇರಿಯ ‘ಭೂಮಿ’ ಕೇಂದ್ರದಲ್ಲಿ, ಪಹಣಿಗೆ ಹೋದಾಗ. ರಾಜ್ಯದ ಸುಮಾರು 67 ಲಕ್ಷ ರೈತರ 2 ಕೋಟಿ ಪಹಣಿಗಳು ಗಣಕಕ್ಕೇರುತ್ತಿದ್ದ ಆ ದಿನಗಳಲ್ಲಿ ಅಜ್ಜಂಪುರ ಇನ್ನೂ ತರೀಕೆರೆಯ ಹೋಬಳಿ. ‘ಭೂಮಿ’ ಹರಡುತ್ತಿದ್ದ 2001ರಲ್ಲೇ ಇಂಟರ್‌ನೆಟ್ ಎಕ್ಸ್‌ಪ್ಲೋರರ್ 6 ಹೊರಬಂತು. ಕಚೇರಿ, ಸೈಬರ್ ಸೆಂಟರ್‌ಗಳನ್ನು ಮುಂದೆ ಬಹುಕಾಲ ಕಾಡಿದ, ಪುಟಗಳ ಜೋಡಣೆ ಕೆಡುವ ತೊಂದರೆಯ ಬೇರು ಅದಕ್ಕೂ ತುಸು ಹಿಂದಿನದು.

ಎಕ್ಸ್‌ಪ್ಲೋರರ್‌ನ ಐದನೆಯ ವಿಂಡೋಸ್ ಆವೃತ್ತಿ 200 ಪಿಕ್ಸೆಲ್ ಅಗಲದ ಚೌಕದೊಳಗೇ ಅಂಚು, ಒಳಜಾಗಗಳನ್ನು ಸೇರಿಸಿ ಲೆಕ್ಕ ಹಾಕುತ್ತಿತ್ತು. ಪುಟದ ವಿನ್ಯಾಸ ನಿರ್ಧರಿಸುವ ಸಿಎಸ್‌ಎಸ್ ನಿಯಮದಲ್ಲಿ ಅವು ಹೊರಗೆ: ಎರಡೂ ಬದಿಗೆ 20 ಪಿಕ್ಸೆಲ್ ಒಳಜಾಗವಿದ್ದರೆ ಅದೇ ಚೌಕ 240 ಆಗುತ್ತದೆ. ನಿಯಮಕ್ಕೆ ಬಂದರೆ ಹಳೆಯ ಪುಟಗಳು ಕೆಡುತ್ತವೆ, ಬಾರದಿದ್ದರೆ ಹೊಸವು. 2000ದಲ್ಲಿ ಮ್ಯಾಕ್‌ಗಾಗಿ ಬಂದ ಐದನೆಯ ಆವೃತ್ತಿಯಲ್ಲಿ ಮೈಕ್ರೋಸಾಫ್ಟ್‌ನ ಟಾಂಟೆಕ್ ಚೆಲಿಕ್ ದಾರಿ ಕಂಡುಕೊಂಡರು. ಪುಟದ ಮೊದಲ ಸಾಲಿನಲ್ಲಿ ಸರಿಯಾದ ಡಾಕ್‌ಟೈಪ್ (ಪುಟದ ಬಗೆಯ ಘೋಷಣೆ) ಇದ್ದರೆ ಹೊಸ ನಿಯಮ, ಇಲ್ಲದಿದ್ದರೆ ಹಳೆಯ ಲೆಕ್ಕ. ಆರನೆಯ ಆವೃತ್ತಿಯಲ್ಲಂತೂ ಡಾಕ್‌ಟೈಪ್‌ಗಿಂತ ಮೇಲೆ ಎಕ್ಸ್‌ಎಂಎಲ್ ಘೋಷಣೆಯೊಂದು ಇದ್ದರೂ ಸಾಕು, ಪುಟ ಹಳೆಯ ಲೆಕ್ಕಕ್ಕೆ ಜಾರುತ್ತಿತ್ತು.

ಕನ್ನಡದಲ್ಲಿ ಇದಕ್ಕೆ ಇನ್ನೊಂದು ತೊಡಕು ಬೆರೆಯಿತು. ಯೂನಿಕೋಡ್ ನೆಲೆಯೂರುವ ಮುನ್ನ ಹಲವು ಕನ್ನಡ ಪತ್ರಿಕೆಗಳ ತಾಣಗಳು ಎಕ್ಸ್‌ಪ್ಲೋರರ್ ಮಾತ್ರ ಓದಬಲ್ಲ ಡೈನಮಿಕ್ ಫಾಂಟ್‌ಗಳನ್ನು ನೆಚ್ಚಿದ್ದವು. ಬೇರೆ ಬ್ರೌಸರ್‌ನಲ್ಲಿ ಅಕ್ಷರಗಳ ಬದಲು ಅರ್ಥವಾಗದ ಚಿಹ್ನೆಗಳು ಕಾಣುತ್ತಿದ್ದವು. ಅಕ್ಷರ ಕೆಡುವುದು ಸಂಕೇತೀಕರಣದ ದೋಷ, ಚೌಕ ಜರುಗುವುದು ಬ್ರೌಸರ್ ನಡೆಯ ದೋಷ. ಇವೆರಡನ್ನೂ ‘ಫಾಂಟ್ ಪ್ರಾಬ್ಲಂ’ ಎಂದು ಒಂದೇ ಗಂಟಿಗೆ ಕಟ್ಟಿದ್ದರಿಂದ ಪರಿಹಾರ ತಡವಾಯಿತು ಎಂಬುದು ನನ್ನ ಅಭಿಪ್ರಾಯ.

ಪುಟ ಕೆಡುವುದಕ್ಕೆ ಹೆಚ್ಚು ಗಮನ ಸಿಗದ ಕಾರಣವೊಂದು 2009ರದು. ಎಂಟನೆಯ ಆವೃತ್ತಿ ‘ಕಂಪ್ಯಾಟಿಬಿಲಿಟಿ ವ್ಯೂ’ ತಂದಿತು. ಒಳಜಾಲದ (ಇಂಟ್ರಾನೆಟ್) ತಾಣಗಳನ್ನೆಲ್ಲ ತಾನಾಗಿಯೇ ಏಳನೆಯ ಆವೃತ್ತಿಯ ರೀತಿಯಲ್ಲಿ ತೋರಿಸತೊಡಗಿತು. ಚುಕ್ಕೆಯಿಲ್ಲದ ಸರ್ವರ್ ಹೆಸರನ್ನು ಅದು ಒಳಜಾಲವೆಂದೇ ತಿಳಿಯುತ್ತಿತ್ತು. ಹೀಗಾಗಿ ಕಚೇರಿಯೊಳಗೆ ಹೆಸರು ಟೈಪಿಸಿ ತೆರೆದಾಗ ಕೆಟ್ಟ ಪುಟ, ಐಪಿ ವಿಳಾಸದಿಂದ ತೆರೆದಾಗ ಸಾಮಾನ್ಯವಾಗಿ ಸರಿಯಾಗಿ ಕಾಣುತ್ತಿತ್ತು. ಕೋಡ್‌ನಲ್ಲಿ ತಪ್ಪು ಹುಡುಕಿ ಪ್ರಯೋಜನವಿರಲಿಲ್ಲ. ಎಫ್12 ಒತ್ತಿ ಡಾಕ್ಯುಮೆಂಟ್ ಮೋಡ್ ನೋಡಬೇಕಿತ್ತು: ಆ ಆವೃತ್ತಿಯಲ್ಲಿ ‘ಕ್ವರ್ಕ್ಸ್’ (ಹಳೆಯ ಲೆಕ್ಕ) ಎಂದಿದ್ದರೆ ಡಾಕ್‌ಟೈಪ್ ಪರೀಕ್ಷಿಸಬೇಕಿತ್ತು, ‘ಐಇ7’ ಎಂದಿದ್ದರೆ ಹೊಂದಾಣಿಕೆಯ ಪಟ್ಟಿಯನ್ನು, ಒಳಜಾಲದ ಆಯ್ಕೆಯನ್ನು. ಪುಟದ ಹೆಡ್ ಭಾಗದ ಆರಂಭದಲ್ಲೇ ಎಕ್ಸ್-ಯುಎ-ಕಂಪ್ಯಾಟಿಬಲ್ ಸೂಚನೆ ಬರೆದರೆ ಅದು ಈ ಆಯ್ಕೆಯನ್ನು ಮೀರುತ್ತಿತ್ತು.

2022ರ ಜೂನ್ 15ಕ್ಕೆ ಎಕ್ಸ್‌ಪ್ಲೋರರ್ 11 ನಿವೃತ್ತವಾಯಿತು. ಅದರ ನಡೆ ಮಾತ್ರ ಎಡ್ಜ್ ಬ್ರೌಸರ್ ಒಳಗಿನ ಐಇ ಮೋಡ್‌ನಲ್ಲಿ ಉಳಿದಿದ್ದು, ಕನಿಷ್ಠ 2029ರವರೆಗೆ ಬೆಂಬಲವಿರುವುದಾಗಿ ಮೈಕ್ರೋಸಾಫ್ಟ್ ಹೇಳಿದೆ. ಈಗ ತಾಲ್ಲೂಕಾಗಿರುವ ಅಜ್ಜಂಪುರವೂ ಸೇರಿದಂತೆ ಇಲ್ಲಿನ ಕಚೇರಿಗಳಿಗೆ ಪುಟ ರೂಪಿಸುವವರು ಆ ಗಡುವಿಗೆ ಕಾಯದೆ ಮೊದಲ ಸಾಲನ್ನು ಈಗಲೇ ಸರಿಪಡಿಸಲಿ.