ಕನಕದಾಸರ ಒಂದು ಕೀರ್ತನೆಯೂ ದೃಷ್ಟಿಸೃಷ್ಟಿವಾದವೂ

ವಸ್ತುವು ಮೊದಲೇ ಇದ್ದು ಕಾಣ್ಕೆಯು ಅದನ್ನು ಹಿಂಬಾಲಿಸುವುದೋ, ಅಥವಾ ಕಾಣ್ಕೆಯಿಂದಲೇ ವಸ್ತುವು ಉಂಟಾಗುವುದೋ ಎಂಬ ಪ್ರಶ್ನೆಯು ನಮ್ಮ ದರ್ಶನಗಳಲ್ಲಿ ಬಹು ಪುರಾತನವಾದುದು. ವಸುಬಂಧುವೇ ಮೊದಲಾದ ಬೌದ್ಧ ವಿಜ್ಞಾನವಾದಿಗಳು ವಿಜ್ಞಾನವನ್ನುಳಿದು ಹೊರಗೊಂದು ವಸ್ತುವೇ ಇಲ್ಲವೆಂದರು. ಬ್ರಹ್ಮಸೂತ್ರದ ಎರಡನೆಯ ಅಧ್ಯಾಯದ ಎರಡನೆಯ ಪಾದದಲ್ಲಿ ಶಂಕರಾಚಾರ್ಯರು ಈ ಮತವನ್ನು ಖಂಡಿಸಿದರು. ಹಾಗಿದ್ದರೂ ಅದ್ವೈತಿಗಳಲ್ಲಿಯೇ ಒಂದು ಪಂಗಡದವರು, ತೋರುವಷ್ಟು ಹೊತ್ತು ಮಾತ್ರವೇ ವಸ್ತುವಿಗೆ ಇರವು, ತೋರುವಿಕೆಯೇ ಅದರ ಸೃಷ್ಟಿ ಎಂದು ಪ್ರತಿಪಾದಿಸಿರುವರು. ಇದಕ್ಕೆ ದೃಷ್ಟಿಸೃಷ್ಟಿವಾದವೆಂದು ಹೆಸರು. 16ನೆಯ ಶತಮಾನದ ಪ್ರಕಾಶಾನಂದರ ವೇದಾಂತಸಿದ್ಧಾಂತಮುಕ್ತಾವಳಿಯು ಇದರ ಪ್ರಮುಖ ಗ್ರಂಥವೆಂಬುದು ವಿದ್ವಾಂಸರಿಗೆ ವಿದಿತವೇ ಇದೆ. ಇದೇ ಪ್ರಶ್ನೆಯು ಹಾನಗಲ್ಲು, ಶಿಗ್ಗಾವಿ, ಸವಣೂರು, ಹಿರೇಕೆರೂರುಗಳ ಸೀಮೆಯಲ್ಲಿ ಕನ್ನಡದ ನುಡಿಯನ್ನು ತೊಟ್ಟು ಬಂದ ಬಗೆಯನ್ನು ವಾಚಕರ ಮುಂದಿಡುವುದು ಪ್ರಕೃತ ಲೇಖನದ ಉದ್ದೇಶವು.

ಈ ಸೀಮೆಗೆ ತರ್ಕವು ಹೊಸತಲ್ಲ. ಹಿರೇಕೆರೂರಿಗೆ ಅನತಿದೂರದಲ್ಲಿರುವ ಬಳ್ಳಿಗಾವೆಯಲ್ಲಿ 1065ರಲ್ಲಿ ಚಾಲುಕ್ಯರ ದಂಡನಾಯಕ ರೂಪಭಟ್ಟಯ್ಯನು ಬೌದ್ಧವಿಹಾರವನ್ನು ಕಟ್ಟಿಸಿದನು. ಅಲ್ಲಿಯ ಕೋಡಿಯಮಠದ 1162ರ ಶಾಸನವು, ಮಠದಲ್ಲಿ ವ್ಯಾಖ್ಯಾನಕ್ಕೆ ಬರುತ್ತಿದ್ದ ದರ್ಶನಗಳ ಸಾಲಿನಲ್ಲಿ ನ್ಯಾಯ, ವೈಶೇಷಿಕ, ಮೀಮಾಂಸೆ, ಸಾಂಖ್ಯಗಳೊಡನೆ ಬೌದ್ಧವನ್ನೂ ಎಣಿಸುವುದು. ಕಾಳಾಮುಖ ಶೈವರ ಮಠದಲ್ಲಿ ಬೌದ್ಧದರ್ಶನದ ಪಾಠ! ಪರಮತವನ್ನು ಖಂಡಿಸುವುದಕ್ಕಾದರೂ ಅದನ್ನು ಓದಲೇಬೇಕೆಂಬ ಹಿರಿಯರ ಕಟ್ಟುಪಾಡು ಈಗಿನ ನಮ್ಮಲ್ಲಿ ಸಡಿಲವಾಗಿರುವುದು. ಹಿರೇಕೆರೂರು ತಾಲ್ಲೂಕಿನ ಅಬಲೂರಿನಲ್ಲಿ ಏಕಾಂತದ ರಾಮಯ್ಯನು ಜೈನರೊಡನೆ ನಡೆಸಿದ ವಿವಾದವನ್ನು ಅಲ್ಲಿಯ ಶಾಸನವೇ ಸಾರುವುದರಿಂದ ಅದನ್ನು ಇಲ್ಲಿ ವಿಸ್ತರಿಸುವುದಿಲ್ಲ.

ಇನ್ನು ಪ್ರಕೃತಕ್ಕೆ ಬರೋಣ. ಶಿಗ್ಗಾವಿ ತಾಲ್ಲೂಕಿನ ಬಾಡವು ಕನಕದಾಸರ ಜನ್ಮಸ್ಥಳ. ಕಾಗಿನೆಲೆಯ ಆದಿಕೇಶವನು ಅವರ ಅಂಕಿತ. ಅವರು ವ್ಯಾಸರಾಯರ ಶಿಷ್ಯರೆಂದು ದಾಸಪರಂಪರೆಯು ಹೇಳುವುದು. 1539ರಲ್ಲಿ ವೃಂದಾವನಸ್ಥರಾದ ಈ ಯತಿಗಳು ತಮ್ಮ ನ್ಯಾಯಾಮೃತದಲ್ಲಿ ದೃಷ್ಟಿಸೃಷ್ಟಿವಾದವನ್ನು ಬೇರೆಯಾಗಿಯೇ ಎತ್ತಿಕೊಂಡು ಭಂಗಿಸಿರುವರು. ನಿನ್ನೆ ಕಂಡ ಗಡಿಗೆಯೇ ಇಂದು ಕಾಣುವ ಈ ಗಡಿಗೆಯೆಂದು ನಮಗೆ ಗುರುತು ಹತ್ತುವುದು; ನೋಟದೊಡನೆ ಗಡಿಗೆಯು ಹುಟ್ಟಿ ನೋಟದೊಡನೆ ಅಳಿಯುವುದಾದರೆ ಈ ಗುರುತು ಹೇಗೆ ಕೂಡುವುದು ಎಂಬುದು ಆ ಪಕ್ಷದವರ ಮುಖ್ಯ ಆಕ್ಷೇಪಗಳಲ್ಲಿ ಒಂದು. ಮಧುಸೂದನ ಸರಸ್ವತಿಗಳು ಅದ್ವೈತಸಿದ್ಧಿಯಲ್ಲಿ ಇದಕ್ಕೆ ಪ್ರತ್ಯುತ್ತರವನ್ನು ಬರೆದರು. ಹೀಗೆ ಕನಕದಾಸರ ಕಾಲವೆಂದರೆ ಈ ವಾದವು ಅತ್ಯಂತ ಕಾವೇರಿದ್ದ ಕಾಲ.

ಇಂತಹ ಗುರುವಿನ ಶಿಷ್ಯರೆನಿಸಿಕೊಂಡವರು 'ನೀ ಮಾಯೆಯೊಳಗೊ' ಎಂದು ಮೊದಲಾಗುವ ಕೀರ್ತನೆಯನ್ನು ರಚಿಸಿರುವುದೇ ಸಂದೇಹಕ್ಕೆ ಎಡೆಯಾಗಿರುವುದು. ಹರಿಯು ಮಾಯೆಯಲ್ಲಿರುವನೋ ಮಾಯೆಯು ಹರಿಯಲ್ಲಿರುವುದೋ, ಅವನು ದೇಹದಲ್ಲಿರುವನೋ ದೇಹವು ಅವನಲ್ಲಿರುವುದೋ ಎಂದು ಪಲ್ಲವಿಯು ಕೇಳುವುದು. ಮೊದಲ ನುಡಿಯಲ್ಲಿ ಬಯಲೂ ಮನೆಯೂ ಒಂದರೊಳಗೊಂದು ಇರುವುವೋ, ಎರಡೂ ನೋಡುವ ಕಣ್ಣಿನಲ್ಲಿರುವುವೋ ಎಂಬ ಶಂಕೆ. ಕಣ್ಣಿನಿಂದ ಬುದ್ಧಿಗೆ, ಬುದ್ಧಿಯಿಂದ ಹರಿಗೆ ಅದು ಸಾಗುವುದು. ಎರಡನೆಯದರಲ್ಲಿ ಸಕ್ಕರೆ, ಸವಿ, ನಾಲಗೆ, ಮನಸ್ಸುಗಳಿಗೆ ಇದೇ ಕ್ರಮ. ಮೂರನೆಯದರಲ್ಲಿ ಹೂವು, ಕಂಪು, ಮೂಗು.

ಈ ಕೀರ್ತನೆಯನ್ನು ಪಾಠ ಹೇಳುವ ಉಪಾಧ್ಯಾಯರಲ್ಲಿ ಹಲವರು ಇದು ಜಗನ್ಮಿಥ್ಯಾತ್ವವನ್ನು ಬೋಧಿಸುವುದೆಂದು ಹೇಳಿ ಮುಂದೆ ಸಾಗುವರು. ನಾವೂ ಬಹುಕಾಲ ಹಾಗೆಯೇ ಪಾಠ ಹೇಳಿದವರು. ಆದ್ದರಿಂದ ಈ ಆಕ್ಷೇಪಣೆಯು ಮೊದಲು ನಮಗೇ ಸಲ್ಲತಕ್ಕದ್ದು. ಮಾಯೆಯೆಂಬ ಶಬ್ದವು ಕಂಡೊಡನೆ ಅದ್ವೈತವೆನ್ನುವುದು ಅವಸರದ ಮಾತು. ಶ್ರೀಮಧ್ವಾಚಾರ್ಯರು ವಿಷ್ಣುತತ್ತ್ವವಿನಿರ್ಣಯದಲ್ಲಿ ಮಾಯಾಶಬ್ದಕ್ಕೆ ಭಗವಂತನ ಪ್ರಜ್ಞೆಯೆಂದು ಅರ್ಥವನ್ನು ಹೇಳಿರುವರು; ಆ ಪ್ರಜ್ಞೆಯಿಂದ ಅರಿಯಲ್ಪಟ್ಟು ರಕ್ಷಿಸಲ್ಪಡುವುದರಿಂದಲೇ ಜಗತ್ತು ಸತ್ಯವೆಂಬುದು ಅವರ ಇಂಗಿತ. ಸಕ್ಕರೆಯ ದೃಷ್ಟಾಂತವಾದರೂ ಶಾಸ್ತ್ರಕಾರರಿಗೆ ಚಿರಪರಿಚಿತವಾದುದು. ಪಿತ್ತವೇರಿದವನಿಗೆ ಸಕ್ಕರೆಯು ಕಹಿ. ದೋಷವು ನಾಲಗೆಯದು, ಸಕ್ಕರೆಯು ಸಿಹಿಯಾಗಿಯೇ ಇರುವುದೆಂದು ನೈಯಾಯಿಕನೂ ದ್ವೈತಿಯೂ ಹೇಳುವರು; ಸಿಹಿಯಾಗಲಿ ಕಹಿಯಾಗಲಿ ವಿಜ್ಞಾನದ ಆಕಾರವೇ ಎಂದು ವಿಜ್ಞಾನವಾದಿಯು ಹೇಳುವನು. ಕನಕದಾಸರು ಈ ಎರಡನ್ನೂ ಹೇಳದೆ, ಪ್ರಶ್ನೆಯನ್ನು ನಾಲಗೆಯಿಂದ ಮನಸ್ಸಿಗೆ ಏರಿಸುವರು.

ಇಲ್ಲಿ ಸೂಕ್ಷ್ಮವಾಗಿ ಗಮನಿಸಬೇಕಾದ ವಿಷಯವೊಂದಿರುವುದು. ವಿಜ್ಞಾನವಾದಿಯಾಗಿದ್ದರೆ ಕಣ್ಣು ಬುದ್ಧಿಯಲ್ಲಿರುವುದೆಂದು ಹೇಳಿ ಅಲ್ಲಿಯೇ ನಿಲ್ಲುತ್ತಿದ್ದನು. ಕನಕದಾಸರಾದರೋ ಬುದ್ಧಿಯೇ ಕಣ್ಣಿನಲ್ಲಿರುವುದೋ ಎಂದೂ ಕೇಳುವರು. ಮನಸ್ಸಿಗೂ ನಾಲಗೆಗೂ ಹಾಗೆಯೇ. ಅಂದ ಮೇಲೆ ಬುದ್ಧಿಗೆ ಅವರು ಪಟ್ಟ ಕಟ್ಟಲಿಲ್ಲ. ಹೀಗೆ ಎಲ್ಲವನ್ನೂ ತಿರುಗಿಸಿ ಕೇಳುವವರು ಹರಿಯ ಹೆಸರು ಬಂದೊಡನೆ ತಿರುಗಿಸುವುದಿಲ್ಲ. ಕಣ್ಣುಬುದ್ಧಿಗಳೆರಡೂ ಅವನಲ್ಲಿ ಇರುವುವೋ ಎಂದು ಕೇಳಿರುವರೇ ಹೊರತು ಅವನು ಅವುಗಳಲ್ಲಿ ಇರುವನೋ ಎಂದು ಯಾವ ನುಡಿಯಲ್ಲಿಯೂ ಕೇಳಲಿಲ್ಲ. ಪಲ್ಲವಿಯಲ್ಲಿ ಮಾತ್ರ ಎರಡು ಕಡೆಯ ಪ್ರಶ್ನೆಯೂ ಇರುವುದು. ಆದುದರಿಂದ ಪಲ್ಲವಿಯಲ್ಲಿ ಸಮವಾಗಿ ತೂಗಿದ ಎರಡು ಪಕ್ಷಗಳಲ್ಲಿ ಒಂದು ನುಡಿನುಡಿಗೂ ಜಾರಿ ಹೋಗಿ, ಹರಿಯೇ ಆಧಾರವೆಂಬ ಪಕ್ಷವೊಂದೇ ಉಳಿಯುವುದೆಂದು ನಮ್ಮ ಅಭಿಪ್ರಾಯ. ಇದು ದೃಷ್ಟಿಸೃಷ್ಟಿಯಲ್ಲ, ಜಗತ್ತು ಪರತಂತ್ರವೆಂಬ ಮತಕ್ಕೆ ಹತ್ತಿರವಾದುದು.

ಆದರೆ ಈ ಕೀರ್ತನೆಯನ್ನು ದ್ವೈತಸಿದ್ಧಾಂತದ ಪದ್ಯಾನುವಾದವೆಂದು ಹೇಳುವವರನ್ನೂ ನಾವು ಒಪ್ಪಲಾರೆವು. ಮೂರನೆಯ ನುಡಿಯಲ್ಲಿ ಮೂಗಾದ ಮೇಲೆ ಮನಸ್ಸಿನ ಮೆಟ್ಟಿಲೇ ಇಲ್ಲ. ಆ ಎಡೆಯಲ್ಲಿ, ಹೇಳುವುದು ತಮ್ಮ ಅಳವಲ್ಲವೆಂಬ ಒಪ್ಪಿಗೆಯಿರುವುದು. ಅಂಕಿತಕ್ಕೆ ಎಡೆ ಬೇಕಾಗಿ ಬಿಟ್ಟರೆಂದು ಯಾರಾದರೂ ಹೇಳಬಹುದು. ಇರಲಿ, ಆದರೂ ಬಿಟ್ಟ ಎಡೆಯಲ್ಲಿ ಇಂತಹ ಮಾತನ್ನೇ ಇಟ್ಟಿರುವುದು ಬರಿಯ ಛಂದಸ್ಸಿನ ಒತ್ತಾಯದಿಂದಲ್ಲ. ಕಡೆಯ ಶಬ್ದದ ಕೊನೆಯ ಓಕಾರವೂ ಹಾಗೆಯೇ ನಿಂತಿರುವುದು: ಅದು ಸಂಶಯಾರ್ಥಕವೂ ಆಗಬಹುದು, ಆಶ್ಚರ್ಯಾರ್ಥಕವೂ ಆಗಬಹುದು. ಸಿದ್ಧಾಂತಿಗೆ ಈ ಓಕಾರವು ಬೇಡವಾದುದು. ಅದನ್ನು ಏಕಾರವಾಗಿಸಿ ಅವಧಾರಣಾರ್ಥವನ್ನು ಹೇಳುವ ಪಾಠಕ್ರಮವು ಕೀರ್ತನೆಯ ಜೀವವನ್ನೇ ತೆಗೆಯುವುದು.

ಈ ಸೀಮೆಯಲ್ಲಿ ದ್ವೈತದ ಬೇರು ಮುಂದೆಯೂ ಬಲವಾಗಿದ್ದಿತೆಂಬುದಕ್ಕೆ ಸವಣೂರಿನಲ್ಲಿರುವ ಉತ್ತರಾದಿಮಠದ ಸತ್ಯಬೋಧತೀರ್ಥರ ವೃಂದಾವನವೇ ಸಾಕ್ಷಿ. ಅವರು 1783ರಲ್ಲಿ ವೃಂದಾವನಸ್ಥರಾದರು. ಆದರೆ ಕನಕದಾಸರ ಪ್ರಶ್ನೆಯ ಧಾಟಿಯು ಮುಂದುವರಿದುದು ಮಠದಲ್ಲಿ ಅಲ್ಲ, ಶಿಗ್ಗಾವಿ ತಾಲ್ಲೂಕಿನದೇ ಆದ ಶಿಶುನಾಳದಲ್ಲಿ. ಕಳಸದ ಗೋವಿಂದಭಟ್ಟರ ಶಿಷ್ಯರಾದ ಷರೀಫರು (1819–1889) 'ಸೋರುತಿಹುದು ಮನೆಯ ಮಾಳಿಗಿ' ಎಂಬ ಹಾಡಿನಲ್ಲಿ ಮನೆಯ ದೃಷ್ಟಾಂತವನ್ನೇ ಹಿಡಿದಿರುವರು. ಕನಕದಾಸರು ಕಣ್ಣೊಳಗಿರುವುದೋ ಎಂದು ಶಂಕಿಸಿದ ಮನೆಯು ಅಲ್ಲಿ ಸೋರುವ ಮಾಳಿಗೆಯಾಗಿರುವುದು. ಸೋರುವುದಕ್ಕೆ ಅಜ್ಞಾನವೇ ಕಾರಣವೆಂದು ಷರೀಫರು ಹೇಳುವರು. ಮನೆಯೇ ಇಲ್ಲವೆಂದು ಮಾತ್ರ ಅವರೂ ಹೇಳಲಿಲ್ಲ.