ಶಾಲೆಯ ಬಾಗಿಲಿನಿಂದ ಒಳಬಂದ ಮಹಿಳೆಯರು

ವಿಕ್ಟೋರಿಯಾ ರಾಣಿಯ ಕಾಲದ ಇಂಗ್ಲೆಂಡ್ ಎಂದರೆ ನಮಗೆ ನೆನಪಾಗುವುದು ರೈಲು, ಕಾರ್ಖಾನೆ, ಸಾಮ್ರಾಜ್ಯ. ಆದರೆ ಬಡವರ ಮಕ್ಕಳಿಗೆ ಅಕ್ಷರ ಕಲಿಸುವುದು ಯಾರ ಹೊಣೆ ಎಂಬ ಜಗಳ ಅಲ್ಲಿ ದಶಕಗಳ ಕಾಲ ನಡೆಯಿತು. ಆಫೀಸ್ ಕೆಲಸದ ನಡುವೆ ಬಿಡುವಾದಾಗ ನಾನು ಓದಿಕೊಂಡ ಈ ಇತಿಹಾಸದಲ್ಲಿ, ನಮ್ಮ ವೇದಿಕೆಯ ಗೆಳತಿಯರೊಂದಿಗೆ ಹಂಚಿಕೊಳ್ಳಲೇಬೇಕಾದ ಅಧ್ಯಾಯವೊಂದಿದೆ.

ಆಗ ಬಡ ಮಕ್ಕಳ ಶಾಲೆಗಳನ್ನು ನಡೆಸುತ್ತಿದ್ದದ್ದು ಹೆಚ್ಚಾಗಿ ಧಾರ್ಮಿಕ ಸಂಸ್ಥೆಗಳು. 1833ರಲ್ಲಿ ಸರ್ಕಾರ ಮೊದಲ ಬಾರಿಗೆ ಶಾಲಾ ಕಟ್ಟಡಗಳಿಗೆಂದು 20,000 ಪೌಂಡ್ ಕೊಟ್ಟಿತು. 1862ರಲ್ಲಿ ರಾಬರ್ಟ್ ಲೋ ಹೊಸ ನಿಯಮ ತಂದರು: ಮಕ್ಕಳು ಓದು, ಬರಹ, ಲೆಕ್ಕದಲ್ಲಿ ಪಾಸಾದರೆ ಶಾಲೆಗೆ ಹಣ, ನಪಾಸಾದರೆ ಕಡಿತ. ಖರ್ಚು ಇಳಿಯಿತು, ಜೊತೆಗೆ ಬಾಯಿಪಾಠ ಬೆಳೆಯಿತು.

1870ರಲ್ಲಿ ಡಬ್ಲ್ಯು. ಇ. ಫಾರ್ಸ್ಟರ್ ಅವರ ಪ್ರಾಥಮಿಕ ಶಿಕ್ಷಣ ಕಾಯಿದೆ ಬಂತು. ಬರ್ಮಿಂಗ್‌ಹ್ಯಾಮ್‌ನ ಸುಧಾರಕರಿಗೆ ಉಚಿತ, ಕಡ್ಡಾಯ, ಯಾವ ಪಂಥಕ್ಕೂ ಸೇರದ ಶಾಲೆ ಬೇಕಿತ್ತು. ಚರ್ಚಿನವರಿಗೆ ತಮ್ಮ ಹಿಡಿತ ಉಳಿಯಬೇಕಿತ್ತು. ಕೊನೆಗೆ ರಾಜಿಯಾಯಿತು. ಚರ್ಚ್ ಶಾಲೆಗಳು ಹಾಗೆಯೇ ಉಳಿದವು; ಶಾಲೆ ಸಾಲದ ಊರುಗಳಲ್ಲಿ ಜನರೇ ಆರಿಸಿದ ಶಾಲಾ ಮಂಡಳಿ ತೆರಿಗೆ ಹಣದಿಂದ ಶಾಲೆ ಕಟ್ಟಬಹುದೆಂದಾಯಿತು. ಶಿಕ್ಷಣ ಕಡ್ಡಾಯವಾಗಲು 1880ರವರೆಗೆ, ಬಹುಮಟ್ಟಿಗೆ ಉಚಿತವಾಗಲು 1891ರವರೆಗೆ ಕಾಯಬೇಕಾಯಿತು.

ಈ ರಾಜಿಯಲ್ಲೇ ಒಂದು ಬಾಗಿಲು ತೆರೆಯಿತು. ಶಾಲಾ ಮಂಡಳಿಗೆ ಮಹಿಳೆಯರೂ ಸ್ಪರ್ಧಿಸಬಹುದಿತ್ತು. ಸ್ವಂತ ಹೆಸರಿನಲ್ಲಿ ತೆರಿಗೆ ಕಟ್ಟುವ ಅವಿವಾಹಿತೆಯರು, ವಿಧವೆಯರು ಮತ ಹಾಕಬಹುದಿತ್ತು. ಪಾರ್ಲಿಮೆಂಟ್ ಚುನಾವಣೆಯಲ್ಲಿ ಹೆಣ್ಣುಮಕ್ಕಳಿಗೆ ಮತ ಸಿಕ್ಕಿದ್ದು 1918ರಲ್ಲಿ, ಅದೂ ಷರತ್ತುಗಳೊಂದಿಗೆ ಎಂಬುದನ್ನು ನೆನೆದರೆ ಇದರ ಬೆಲೆ ತಿಳಿಯುತ್ತದೆ.

1870ರ ನವೆಂಬರ್‌ನಲ್ಲಿ ಲಂಡನ್ ಮಂಡಳಿಯ ಚುನಾವಣೆ ನಡೆಯಿತು. ವೈದ್ಯೆ ಎಲಿಜಬೆತ್ ಗ್ಯಾರೆಟ್ ಮ್ಯಾರಿಲೆಬೋನ್‌ನಲ್ಲಿ 47 ಸಾವಿರಕ್ಕೂ ಹೆಚ್ಚು ಮತ ಪಡೆದು ಇಡೀ ಲಂಡನ್ನಿಗೇ ಮೊದಲಿಗರಾದರು. ಪ್ರಸಿದ್ಧ ವಿಜ್ಞಾನಿ ಥಾಮಸ್ ಹಕ್ಸ್‌ಲಿ ಅದೇ ಕ್ಷೇತ್ರದಲ್ಲಿ ಬಹಳ ಹಿಂದೆ ಉಳಿದರು. ಹೆಣ್ಣುಮಕ್ಕಳಿಗಾಗಿ ಕಾಲೇಜು ಕಟ್ಟಿದ ಎಮಿಲಿ ಡೇವಿಸ್ ಗ್ರೀನಿಚ್‌ನಿಂದ ಗೆದ್ದರು. ಮ್ಯಾಂಚೆಸ್ಟರ್‌ನಲ್ಲಿ ಗೆದ್ದ ಲಿಡಿಯಾ ಬೆಕರ್, ಗಂಡು ಹುಡುಗರೂ ತಮ್ಮ ಕಾಲುಚೀಲ ಹೊಲಿದುಕೊಳ್ಳಲು, ಅಡುಗೆ ಮಾಡಿಕೊಳ್ಳಲು ಕಲಿಯಲಿ ಎಂದರು! ಮುಂದೆ ಭಾರತಕ್ಕೆ ಬಂದು ಹೋಂ ರೂಲ್ ಚಳವಳಿ ನಡೆಸಿದ ಆನಿ ಬೆಸೆಂಟ್ 1888ರಲ್ಲಿ ಲಂಡನ್ನಿನ ಬಡವರ ಬಡಾವಣೆ ಟವರ್ ಹ್ಯಾಮ್ಲೆಟ್ಸ್‌ನಿಂದ ಆರಿಸಿಬಂದರು. ಹಸಿದ ಮಗು ಕಲಿಯಲಾರದು, ಮೊದಲು ಊಟ ಕೊಡಿ ಎಂಬುದು ಅವರ ವಾದವಾಗಿತ್ತು.

ವಿಕ್ಟೋರಿಯಾ ತೀರಿಕೊಂಡ ಮರುವರ್ಷ, 1902ರಲ್ಲಿ, ಬಾಲ್ಫರ್ ಸರ್ಕಾರ ಹೊಸ ಕಾಯಿದೆ ತಂದು ಶಾಲಾ ಮಂಡಳಿಗಳನ್ನೇ ರದ್ದುಮಾಡಿತು. ಶಾಲೆಗಳು ಕೌಂಟಿ ಮತ್ತು ನಗರ ಕೌನ್ಸಿಲ್‌ಗಳ ಕೈಗೆ ಹೋದವು. ಆ ಕೌನ್ಸಿಲ್‌ಗಳಿಗೆ ಮಹಿಳೆಯರು ಆಗ ಸ್ಪರ್ಧಿಸುವಂತಿರಲಿಲ್ಲ. ಮೂವತ್ತು ವರ್ಷ ಜನರ ಮತದಿಂದ ಗೆದ್ದುಬರುತ್ತಿದ್ದವರು ಇನ್ನು ಮುಂದೆ ಶಿಕ್ಷಣ ಸಮಿತಿಗೆ ಬೇರೆಯವರು ನಾಮಕರಣ ಮಾಡಿದರೆ ಮಾತ್ರ ಬರಬೇಕಾಯಿತು. ಕೌನ್ಸಿಲ್ ಬಾಗಿಲು ತೆರೆದದ್ದು 1907ರಲ್ಲಿ.

ನನ್ನ ವೃತ್ತಿಯಲ್ಲಿ ಹಳೆಯ ಸಿಸ್ಟಂ ತೆಗೆದು ಹೊಸದು ಹಾಕುವ ಮುನ್ನ ಒಂದು ಪಟ್ಟಿ ಮಾಡುತ್ತೇವೆ: ಹಳೆಯದನ್ನು ಯಾರು ಬಳಸುತ್ತಿದ್ದರು, ಹೊಸದರಲ್ಲಿ ಅವರಿಗೆ ಜಾಗವಿದೆಯೇ? 1902ರ ಕಾಯಿದೆ ಆಡಳಿತವನ್ನು ಸರಳಗೊಳಿಸಿತು, ಪ್ರೌಢಶಾಲೆಗಳಿಗೂ ದಾರಿ ಮಾಡಿತು, ನಿಜ. ಆದರೆ ಆ ಪಟ್ಟಿಯಲ್ಲಿ ಮಹಿಳೆಯರ ಕುರ್ಚಿ ಬಿಟ್ಟುಹೋಯಿತು. ಸಂಘವಿರಲಿ, ಸೊಸೈಟಿಯಿರಲಿ, ಶಾಲೆಯ ಸಮಿತಿಯಿರಲಿ, ಸುಧಾರಣೆಯ ಮಾತು ಬಂದಾಗ ನಾವು ಮೊದಲು ಕುರ್ಚಿಗಳನ್ನು ಎಣಿಸೋಣ.